ಗ್ರಹಗಳ ಸಾಲು, ನಮ್ಮ ಭಯ

ಗ್ರಹಗಳೆಲ್ಲ ಒಂದೇ ಸಾಲಿಗೆ ಬರುತ್ತವೆ, ಮೂರು ದಿನ ಲೋಕವೆಲ್ಲ ಕತ್ತಲು ಎಂಬ ವಾಟ್ಸಾಪ್ ಸಂದೇಶ ನಮ್ಮ ಕ್ಲಾಸಿನ ಗ್ರೂಪಿಗೂ ಬರುತ್ತದೆ. ಕಳಿಸುವವರು ಕಾಮರ್ಸ್‌ನವರೇ. ಹತ್ತು ರೂಪಾಯಿಗೂ ಲೆಕ್ಕ ಕೇಳುವವರು ಇದಕ್ಕೆ ಮಾತ್ರ ಕೇಳುವುದಿಲ್ಲ.

ಲೆಕ್ಕವೇನೂ ಕಷ್ಟವಿಲ್ಲ. ಸೂರ್ಯನನ್ನು ಸುತ್ತಲು ಗುರುವಿಗೆ ಸುಮಾರು 12 ವರ್ಷ, ಶನಿಗೆ ಸುಮಾರು 30. ಅಂದರೆ ಗುರು ವರ್ಷಕ್ಕೆ 30 ಡಿಗ್ರಿ ನಡೆದರೆ ಶನಿ 12. ವ್ಯತ್ಯಾಸ 18. ಅದರಿಂದ 360ನ್ನು ಭಾಗಿಸಿದರೆ 20 ವರ್ಷಕ್ಕೊಮ್ಮೆ ಗುರು ಶನಿಯನ್ನು ಹಿಂದೆ ಹಾಕಲೇಬೇಕು. 2020ರ ಡಿಸೆಂಬರ್ 21ರ ಸಂಜೆ ಆದದ್ದು ಇದೇ. ಆ ಸಲ ಎರಡರ ನಡುವೆ ಕಂಡ ಅಂತರ ಹುಣ್ಣಿಮೆ ಚಂದ್ರನ ಅಗಲದ ಐದನೇ ಒಂದು ಪಾಲು. 1623ರ ನಂತರ ಅಷ್ಟು ಹತ್ತಿರ ಬಂದಿರಲಿಲ್ಲ, ಮುಂದಿನದು 2080ರಲ್ಲಿ. ಆಗ ನನಗೆ ಎಪ್ಪತ್ತು ದಾಟಿರುತ್ತದೆ! ಹತ್ತಿರವೆಂಬುದೂ ನಮ್ಮ ಕಣ್ಣಿಗಷ್ಟೇ. ನಿಜದಲ್ಲಿ ಅವುಗಳ ನಡುವೆ 70 ಕೋಟಿ ಕಿಲೋಮೀಟರಿಗೂ ಹೆಚ್ಚು ದೂರವಿತ್ತು.

1962ರ ಫೆಬ್ರವರಿಯಲ್ಲಿ ಅಷ್ಟಗ್ರಹ ಕೂಟವೆಂದು ಜನ ಪ್ರಳಯಕ್ಕೆ ಹೆದರಿದ್ದರು, ಹಲವೆಡೆ ಹೋಮಗಳು ನಡೆದವು. ಆ ದಿನಗಳು ಬಂದವು, ಹೋದವು. ಬೇರೆಯವರ ಮಾತು ಬಿಡಿ, ನಮ್ಮ ಮನೆಗಳನ್ನೇ ನೋಡೋಣ. ಗ್ರಹಣವೂ ಒಂದು ಸಾಲೇ ತಾನೆ, ಸೂರ್ಯ, ಚಂದ್ರ, ಭೂಮಿಯದು. 2019ರ ಡಿಸೆಂಬರ್ 26ರಂದು ಪಕ್ಕದ ಕೊಡಗಿನಲ್ಲಿ ಸೂರ್ಯ ಬಳೆಯಂತೆ ಕಂಡ. ಅದೇ ಬೆಳಿಗ್ಗೆ ಬಸುರಿಯಾಗಿದ್ದ ನಮ್ಮ ಖಾಲಾಗೆ ಚಾಕು ಮುಟ್ಟಬೇಡ, ಮಲಗಬೇಡ ಎಂದರು. ಗ್ರಹಣ ಬಿಡುವವರೆಗೆ ಒಂದು ಗುಟುಕು ಚಹಾ ಕೂಡ ಕೊಡಲಿಲ್ಲ. ಹೇಳಿದವರು ನಾನಿ, ಐದು ಹೊತ್ತು ನಮಾಝ್ ಬಿಡದವರು.

ಪ್ರವಾದಿಯವರ (ಸ) ಪುಟ್ಟ ಮಗ ಇಬ್ರಾಹೀಂ ತೀರಿಕೊಂಡ ದಿನ ಗ್ರಹಣ ಹಿಡಿದಿತ್ತು. ಆ ಸಾವಿಗೇ ಸೂರ್ಯ ಕಪ್ಪಾದ ಎಂದು ಜನ ಆಡಿಕೊಂಡಾಗ, ಯಾರ ಹುಟ್ಟು ಸಾವಿಗೂ ಗ್ರಹಣ ಹಿಡಿಯುವುದಿಲ್ಲ ಎಂದು ತಿದ್ದಿದವರು ಅವರೇ. ಗ್ರಹಣಕ್ಕೆ ನಮಾಝ್ ಇದೆ. ಬಸುರಿಯನ್ನು ಹಸಿದು ಕೂರಿಸುವ ಮಾತು ಎಲ್ಲಿಂದ ಬಂತು?

2027ರ ಆಗಸ್ಟ್ 2ರಂದು ಮಕ್ಕಾದಲ್ಲಿ ಪೂರ್ಣ ಸೂರ್ಯಗ್ರಹಣ, ನಮ್ಮಲ್ಲಿ ಭಾಗಶಃ. ಅಷ್ಟರಲ್ಲಿ ನಾವು ಪಿಯುಸಿ ಮುಗಿಸಿ ಹೋಗಿರುತ್ತೇವೆ. ಜೂನಿಯರ್‌ಗಳ ಪರವಾಗಿ ಪ್ರಿನ್ಸಿಪಾಲ್ ಸರ್‌ಗೆ ಈಗಲೇ ಕೇಳಿಕೊಳ್ಳುತ್ತೇನೆ: ಆ ದಿನ ಬೇಗ ಬಿಟ್ಟು ಮನೆಗೆ ಕಳಿಸಬೇಡಿ, ಮೈದಾನಕ್ಕೆ ಕಳಿಸಿ. ಬರಿಗಣ್ಣಾಗಲಿ ಎಕ್ಸ್‌ರೇ ಫಿಲ್ಮಾಗಲಿ ಬೇಡ, ಗ್ರಹಣ ನೋಡುವ ಕನ್ನಡಕವನ್ನೇ ತರಿಸಬೇಕು. ಸಾಲದಿದ್ದರೆ ರಟ್ಟಿಗೊಂದು ಸೂಜಿ ತೂತು ಮಾಡಿ ಬಿಸಿಲಿಗೆ ಹಿಡಿದರೂ ಆಯಿತು, ಕಚ್ಚಿದ ರೊಟ್ಟಿಯಂಥ ಸೂರ್ಯ ನೆಲದ ಮೇಲೆ ಬೀಳುತ್ತಾನೆ. ಆಗಸ್ಟಿನಲ್ಲಿ ಕಟ್ಟಾಯದ ಕಡೆ ಮೋಡ ಬಿಡುವುದೇ ಅನುಮಾನ, ಅದು ಬೇರೆ ವಿಷಯ. ಆದರೆ ಮಕ್ಕಳ ಜೊತೆ ಅಮ್ಮಿಯರನ್ನೂ ನಾನಿಯರನ್ನೂ ಕರೆಸಿ.