ಗರಡಿಯ ದೀಪ ಮತ್ತು ಹೈಫಾದ ಸವಾರರು

ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಗಳ ಸುತ್ತಿನ ಗ್ರಾಮಗಳಲ್ಲಿ ಕೋಟಿ–ಚೆನ್ನಯರ ಗರಡಿಗಳು ಹಲವು. ಎಣ್ಮೂರಿನ ಕಾಳಗದಲ್ಲಿ ಮಡಿದ ಈ ಅವಳಿ ವೀರರ ಹೆಸರನ್ನು ಅಲ್ಲಿನ ಶಾಲೆಯ ಹುಡುಗನೂ ಬಲ್ಲ. ಪಾಡ್ದನದ ಪ್ರಕಾರ ಅವರು ಕಾದಿದುದು ಒಬ್ಬ ಬಲ್ಲಾಳನ ಪಕ್ಷ ವಹಿಸಿ. ಆ ಬಲ್ಲಾಳರ ಆಳ್ವಿಕೆ ಅಳಿದು ಎಷ್ಟೋ ಕಾಲವಾಯಿತು. ಗರಡಿಯ ದೀಪ ಮಾತ್ರ ಆರಿಲ್ಲ. ಒಡೆಯನಾರೆಂದು ಕೇಳಿ ವೀರನನ್ನು ಅಳೆಯುವುದು ತುಳುನಾಡಿನ ಪದ್ಧತಿಯಲ್ಲ.

ಇಂತಹ ನಾಡಿನಲ್ಲಿ ಎರಡು ಮಹಾಯುದ್ಧಗಳ ಯೋಧರಿಗೆ ದೊರೆತ ಸ್ಥಾನವೇನು?

ಮೊದಲನೆಯ ಯುದ್ಧದಲ್ಲಿ ಹತ್ತು ಲಕ್ಷಕ್ಕೂ ಮಿಕ್ಕಿದ ಭಾರತೀಯರು ಕಡಲು ದಾಟಿದರು. ಎರಡನೆಯದರಲ್ಲಿ ಭಾರತದ ಸೇನಾಬಲ 25 ಲಕ್ಷದಷ್ಟಾಯಿತು. ಆಗ ಈ ಮೂರು ಊರುಗಳೂ ಮದರಾಸು ಪ್ರಾಂತಕ್ಕೆ ಸೇರಿದ್ದವು. ಬೆಳ್ತಂಗಡಿಯಿಂದ ಚಾರ್ಮಾಡಿ ಘಟ್ಟವನ್ನೇರಿದರೆ ಮೈಸೂರು ಸಂಸ್ಥಾನ. ಘಟ್ಟದ ಮೇಲಿನ ಆ ಸಂಸ್ಥಾನದ ಕುದುರೆ ಸವಾರರು 1918ರ ಸೆಪ್ಟೆಂಬರ್ 23ರಂದು ಪ್ಯಾಲೆಸ್ಟೈನಿನ ಹೈಫಾ ಪಟ್ಟಣದ ಮುಂದೆ ನಿಂತಿದ್ದರು. ಕಾರ್ಮೆಲ್ ಬೆಟ್ಟದ ಮೇಲೆ ಶತ್ರುವಿನ ಫಿರಂಗಿಗಳು. ಇವರ ಕೈಯಲ್ಲಿ ಈಟಿ. ಜೋಧಪುರದ ಸವಾರರು ಪಟ್ಟಣದತ್ತ ನುಗ್ಗಿದರು. ಮೈಸೂರಿನವರು ಕಡಿದಾದ ಬೆಟ್ಟವನ್ನೇರಿ ಫಿರಂಗಿಗಳ ಬಾಯಿ ಮುಚ್ಚಿಸಿದರು. ಅಂದೇ ಹೈಫಾ ಕೈವಶವಾಯಿತು.

ಈ ಸವಾರರಿಗೆ ಬೆಂಗಳೂರಿನ ಜೆ.ಸಿ. ನಗರದಲ್ಲಿ ಸ್ಮಾರಕವಿದೆ. ದೆಹಲಿಯಲ್ಲಿ 1922ರಲ್ಲಿ ನಿಂತ ತೀನ್ ಮೂರ್ತಿಯ ಮೂವರು ಯೋಧರು ಮೈಸೂರು, ಜೋಧಪುರ, ಹೈದರಾಬಾದುಗಳ ಪ್ರತಿನಿಧಿಗಳು. ಆ ವೃತ್ತವನ್ನು ಹಾದುಹೋದ ಕನ್ನಡಿಗರೆಷ್ಟೋ! ಮೂವರಲ್ಲೊಬ್ಬ ತಮ್ಮವನೆಂದು ಅರಿತವರೆಷ್ಟು?

ಘಟ್ಟದ ಕೆಳಗಿನವರ ಪಾಲಿಗೆ ಅಷ್ಟೂ ಇಲ್ಲ. ಅವರಿಗೆ ಮೈಸೂರಿನಂತೆ ಸ್ವಂತ ದಳವಿರಲಿಲ್ಲ. ಸೇನೆ ಸೇರಿದವನು ಅನ್ಯ ಸೀಮೆಯವರ ನಡುವೆ ಬೆರೆತುಹೋದ. ಮೇಲಾಗಿ, ಸ್ವಾತಂತ್ರ್ಯಕ್ಕಾಗಿ ಸೆರೆಮನೆ ಕಂಡವರ ಎದುರು ಇವನು ಆಳರಸರ ಸಂಬಳದ ಸಿಪಾಯಿ. ಈ ಆಕ್ಷೇಪ ಹಗುರವಾದುದಲ್ಲ. ಆದರೆ ಸಾಮ್ರಾಜ್ಯವನ್ನು ಹೊಗಳುವುದು ಬೇರೆ, ಅದಕ್ಕಾಗಿ ಸತ್ತವನ ಹೆಸರು ಹೇಳುವುದು ಬೇರೆ. ಗರಡಿಯ ದೀಪ ಕಲಿಸುವ ಪಾಠವೂ ಇದೇ ಅಲ್ಲವೆ?

ಮೊದಲನೆಯ ಮಹಾಯುದ್ಧದಲ್ಲಿ ಹೋರಾಡಿದ ಸೈನಿಕರಿಗೆ ಬೆಳ್ಳಿಯ ಪದಕವೊಂದು ಸಲ್ಲುತ್ತಿತ್ತು. ಅದರ ಅಂಚಿನಲ್ಲಿ ಯೋಧನ ಹೆಸರು ಅಚ್ಚಾಗಿರುತ್ತಿತ್ತು. ಕಷ್ಟಕಾಲದಲ್ಲಿ ಅಂತಹದೊಂದು ಅಕ್ಕಸಾಲಿಗನ ಮೂಸೆ ಸೇರಿ ಮೊಮ್ಮಗಳ ಕಾಲ್ಗೆಜ್ಜೆಯಾದರೆ ಬೆಳ್ಳಿ ಮನೆಯಲ್ಲೇ ಉಳಿಯುತ್ತದೆ. ಹೋಗುವುದು ಹೆಸರು ಮಾತ್ರ. ಅಟ್ಟದ ಪೆಟ್ಟಿಗೆಯಲ್ಲಿ ಅಜ್ಜನ ಪದಕ ಇನ್ನೂ ಉಳಿದಿರುವ ಮನೆಯವರು ಅದನ್ನು ಒರೆಸಿ, ಅಂಚನ್ನು ಓದಿ, ಮಕ್ಕಳ ಕೈಯಿಂದ ಆ ಹೆಸರನ್ನೂ ಊರನ್ನೂ ಬರೆಸಿಡಲಿ. ಈ ಮೂರು ತಾಲೂಕುಗಳ ಶಾಲೆಗಳು ಅಂತಹ ಹೆಸರುಗಳನ್ನು ಒಂದು ಪುಸ್ತಕದಲ್ಲಿ ಕೂಡಿಸಿದರೆ, ಕಲ್ಲಿನ ಮೂರ್ತಿ ಇಲ್ಲದಿದ್ದರೂ ಕೊರತೆಯಿಲ್ಲ.