ಬ್ಯಾಟು ಎತ್ತಿಕೊಡುವ ಹುಡುಗ ಆಡಿದ ರಾತ್ರಿ

ಅಮೆರಿಕದ ಜಾರ್ಜಿಯಾ ರಾಜ್ಯದಲ್ಲಿ ಫಿಟ್ಸ್‌ಜೆರಾಲ್ಡ್ ಎಂಬ ಪುಟ್ಟ ಪಟ್ಟಣವಿದೆ. ಅಂತರ್ಯುದ್ಧದಲ್ಲಿ ಉತ್ತರದ ಪರ ಹೋರಾಡಿ ಮುಪ್ಪಾದ ಸೈನಿಕರು ನೆಲೆಸಲೆಂದು ಪತ್ರಿಕಾ ಸಂಪಾದಕನೊಬ್ಬ 1895ರಲ್ಲಿ ಸ್ಥಾಪಿಸಿದ ಊರಿದು. ಅದೂ ಹಿಂದಿನ ಶತ್ರುವಿನ ನೆಲದಲ್ಲಿ! ಹಳೆಯ ವೈರ ಮರೆಯಲೆಂದು ಇಲ್ಲಿನ ಬೀದಿಗಳಿಗೆ ಎರಡೂ ಪಕ್ಷಗಳ ಸೇನಾನಿಗಳ ಹೆಸರಿಟ್ಟರು.

1948ರಲ್ಲಿ ಜಾರ್ಜಿಯಾ ಸ್ಟೇಟ್ ಲೀಗ್ ಆರಂಭವಾದಾಗ ಈ ಊರಿಗೂ ಒಂದು ಬೇಸ್‌ಬಾಲ್ ತಂಡ ಬಂತು. ಹೆಸರು ಪಯೊನಿಯರ್ಸ್. ವೃತ್ತಿಪರ ಬೇಸ್‌ಬಾಲ್ ಒಂದು ಏಣಿಯಿದ್ದಂತೆ. ಮೇಲಿನ ಮೆಟ್ಟಿಲು ಮಹಾನಗರಗಳ ಮೇಜರ್ ಲೀಗ್; ಕೆಳಗಿನವೆಲ್ಲ ಮೈನರ್ ಲೀಗ್. ಆಗ ಅವುಗಳಲ್ಲಿ ತೀರಾ ಕೆಳಗಿನದು 'ಡಿ' ದರ್ಜೆಯಾಗಿತ್ತು. ಪಯೊನಿಯರ್ಸ್ ಆಡುತ್ತಿದ್ದುದು ಅಲ್ಲಿ.

1952ರ ಜುಲೈ 19ರ ರಾತ್ರಿ ಸ್ಟೇಟ್ಸ್‌ಬರೋದಲ್ಲಿ ತಂಡ 13-0ರಿಂದ ಹಿಂದೆ ಬಿದ್ದಿತ್ತು. ಎಂಟನೆಯ ಇನಿಂಗ್ಸ್. ಸ್ಥಳೀಯ ಪ್ರೇಕ್ಷಕರು ಗೇಲಿಯಾಗಿ, ಬ್ಯಾಟ್‌ಬಾಯ್‌ನನ್ನೇ ಆಡಿಸಿ ಎಂದು ಕೂಗತೊಡಗಿದರು. ಬ್ಯಾಟ್‌ಬಾಯ್ ಎಂದರೆ ಆಟಗಾರರ ಬ್ಯಾಟುಗಳನ್ನು ಎತ್ತಿಕೊಡುವ ಹುಡುಗ. ಪಯೊನಿಯರ್ಸ್‌ನ ಆ ಹುಡುಗ ಜೋ ರೆಲಿಫರ್ಡ್, 12 ವರ್ಷದವನು, ಕಪ್ಪು ಜನಾಂಗದವನು. ಆ ಲೀಗಿನಲ್ಲಿ ಅದುವರೆಗೆ ಕಪ್ಪು ಆಟಗಾರ ಒಬ್ಬನೂ ಆಡಿರಲಿಲ್ಲ. ಇದೇ ಜಾರ್ಜಿಯಾದಲ್ಲಿ ಹುಟ್ಟಿದ ಜಾಕಿ ರಾಬಿನ್‌ಸನ್ 1947ರಲ್ಲೇ ಮೇಜರ್ ಲೀಗಿನ ವರ್ಣಭೇದದ ಬೇಲಿ ಮುರಿದಿದ್ದ. ಆದರೆ ಆ ಗಾಳಿ ಇಲ್ಲಿಗಿನ್ನೂ ಬೀಸಿರಲಿಲ್ಲ.

ಮ್ಯಾನೇಜರ್ ಚಾರ್ಲಿ ರಿಜ್‌ವೇ ಅಂಪೈರ್ ಎಡ್ ಕುಬಿಕ್‌ನನ್ನು ಕೇಳಿದ. ಅವನು ಒಪ್ಪಿದ. ಹುಡುಗ ಬ್ಯಾಟು ಹಿಡಿದು ನಿಂತ! ಚೆಂಡನ್ನು ಹೊಡೆದ, ಅದು ನೆಲದ ಮೇಲೆ ಉರುಳಿ ಕ್ಷೇತ್ರರಕ್ಷಕನ ಕೈ ಸೇರಿ ಔಟಾದ. ಬಳಿಕ ಹೊರಮೈದಾನದಲ್ಲಿ ಫೀಲ್ಡಿಂಗ್‌ಗೆ ನಿಂತು, ಎದುರಾಳಿಯ ಬಲವಾದ ಹೊಡೆತವೊಂದನ್ನು ಕ್ಯಾಚ್ ಹಿಡಿದ. ಗೇಲಿ ಮಾಡಿದ್ದ ಪ್ರೇಕ್ಷಕರೇ ಮೈದಾನಕ್ಕೆ ನುಗ್ಗಿ ಅವನ ಜೇಬಿಗೆ ಹಣ ತುರುಕಿದರಂತೆ.

ಲೀಗಿನ ಅಧಿಕಾರಿಗಳಿಗೆ ಮಾತ್ರ ಇದು ಸಹಿಸಲಿಲ್ಲ. ಅಂಪೈರ್ ಕೆಲಸ ಕಳೆದುಕೊಂಡ. ಮ್ಯಾನೇಜರ್‌ಗೆ 50 ಡಾಲರ್ ದಂಡ, ಐದು ದಿನ ಅಮಾನತು. ಹುಡುಗನ ಬ್ಯಾಟ್‌ಬಾಯ್ ಕೆಲಸವೂ ಹೋಯಿತು.

ತಂಡವೂ ಬಹುಕಾಲ ಬಾಳಲಿಲ್ಲ. 1953ರಲ್ಲಿ ಬೇರೆ ಲೀಗಿಗೆ ಸೇರಿ, ಮತ್ತೆ ಮತ್ತೆ ಹೆಸರು ಬದಲಿಸಿ, 1957ರ ಋತುವಿನೊಂದಿಗೆ ಆಟ ಮುಗಿಸಿತು. ಮೊದಲಿನ ಲೀಗು 1956ರಲ್ಲೇ ನಿಂತಿತ್ತು. 1949ರಲ್ಲಿ ಅಮೆರಿಕದಲ್ಲಿ 59 ಮೈನರ್ ಲೀಗುಗಳಿದ್ದವು. ಮನೆಯಲ್ಲೇ ಕುಳಿತು ಟೆಲಿವಿಷನ್‌ನಲ್ಲಿ ಮೇಜರ್ ಲೀಗ್ ನೋಡುವಂತಾದ ಮೇಲೆ ಊರ ತಂಡಗಳಿಗೆ ಟಿಕೆಟ್ ಕೊಳ್ಳುವವರು ಕಡಿಮೆಯಾದರು.

ವೃತ್ತಿಪರ ಬೇಸ್‌ಬಾಲ್ ಆಡಿದ ಅತಿ ಕಿರಿಯನೆಂದು ಜೋ ರೆಲಿಫರ್ಡ್‌ನ ಹೆಸರು ಗಿನ್ನೆಸ್ ದಾಖಲೆಗೆ ಸೇರಿತು. ಶತ್ರು ಸೇನಾನಿಗಳನ್ನು ಒಂದೇ ಊರಿನ ಬೀದಿಗಳಲ್ಲಿ ಕೂಡಿಸಿದ ಪಟ್ಟಣದ ತಂಡವನ್ನು ಇಂದು ಯಾರಾದರೂ ನೆನೆಯುವುದಾದರೆ ಅದು ಈ ಹುಡುಗನಿಂದಲೇ. ಆದರೂ ಅವನ ಪಾಲಿಗೆ ಅಲ್ಲಿ ದೊರೆತದ್ದು ಎಂಟು-ಒಂಬತ್ತನೆಯ ಇನಿಂಗ್ಸ್‌ಗಳ ಆಟ ಮಾತ್ರ.