ಹತ್ತು ತಿಂಗಳ ಅಡ್ವಾನ್ಸ್

ಚಳ್ಳಕೆರೆ, ಮೊಳಕಾಲ್ಮೂರು ಕಡೆಯ ಹೆಣ್ಣುಮಕ್ಕಳು ಡಿಗ್ರಿ ಮುಗಿಸಿ ಬೆಂಗಳೂರಿನಲ್ಲಿ ಮೂರ್ನಾಲ್ಕು ಜನ ಸೇರಿ ಮನೆ ಮಾಡಿದರೆ, ಊರಲ್ಲಿ ಏಳುವ ಮೊದಲ ಮಾತು ‘ಯಾರನ್ನಾದರೂ ಕಟ್ಟಿಕೊಂಡು ಬಂದರೆ?’ ಎಂಬುದು. ಪ್ರೀತಿಯ ಮಾತು ಆಮೇಲಿನದು. ದುಡಿದು ಬಾಡಿಗೆ ಕಟ್ಟುವ ಹುಡುಗಿಗೆ ಮೊದಲು ದಕ್ಕುವುದು ‘ಈಗಲೇ ಮದುವೆ ಬೇಡ’ ಎನ್ನುವ ಧೈರ್ಯ. ಊರಲ್ಲಿ ಅದಕ್ಕೆ ಆಸರೆಯಿಲ್ಲ. ಮೊಳಕಾಲ್ಮೂರಿನ ರೇಷ್ಮೆ ಸೀರೆಗೆ ಭೌಗೋಳಿಕ ಸೂಚಿಕೆಯ ಮಾನ್ಯತೆಯಿದೆ. ಆದರೆ ಮಗ್ಗದ ಮನೆಯಲ್ಲಿ ಕಂಡಿಕೆ ಸುತ್ತುವ ಮಗಳಿಗೆ ಬೇರೆ ಕೂಲಿ ಸಿಗುವುದು ಅಪರೂಪ, ಮಜೂರಿಯೆಲ್ಲ ನೇಯುವವನ ಲೆಕ್ಕಕ್ಕೆ. ಚಳ್ಳಕೆರೆಯ ಶೇಂಗಾ ಎಣ್ಣೆ ಗಿರಣಿಗಳ ಹಳೇ ಗತ್ತು ಈಗಿಲ್ಲ. ಕುದಾಪುರದ ಕಾವಲಿಗೆ ಭಾರತೀಯ ವಿಜ್ಞಾನ ಸಂಸ್ಥೆ, ಡಿಆರ್‌ಡಿಒ ಬಂದಿವೆ, ನಿಜ, ಬಿ.ಎ., ಬಿ.ಕಾಂ. ಓದಿದವಳಿಗೆ ಅಲ್ಲೇನು ಕೆಲಸ? ಕೈಯಲ್ಲಿ ಕಾಸಿಲ್ಲದವಳು ಸೋದರಮಾವನ ಮಗನ ಸಂಬಂಧವನ್ನು ಎಷ್ಟು ದಿನ ತಳ್ಳಿಯಾಳು?

ನಗರದಲ್ಲಿ ರಕ್ಷಣೆಯಿಲ್ಲ ಎನ್ನುತ್ತಾರೆ. ಸುಳ್ಳಲ್ಲ. 2024ರ ಜುಲೈನಲ್ಲಿ ಕೋರಮಂಗಲದ ಪಿ.ಜಿ.ಯೊಳಗೇ ಯುವತಿಯೊಬ್ಬಳ ಕೊಲೆಯಾಯಿತು. ಆಮೇಲೆ ಪಾಲಿಕೆ ಪಿ.ಜಿ.ಗಳಿಗೆ ಸಿ.ಸಿ. ಕ್ಯಾಮೆರಾ, ತಲೆಗೆ 70 ಚದರ ಅಡಿ ಜಾಗದಂಥ ನಿಯಮ ತಂದಿತು. ಆದರೆ ಊರು ಅಷ್ಟು ಕ್ಷೇಮವೇ? 2023ರ ಜುಲೈನಲ್ಲಿ ತುಮಕೂರು ತಾಲ್ಲೂಕಿನ ಮಲ್ಲೇನಹಳ್ಳಿ ಗೊಲ್ಲರಹಟ್ಟಿಯಲ್ಲಿ ಸೂತಕವೆಂದು ಬಾಣಂತಿಯನ್ನು ಊರಾಚೆಯ ಗುಡಿಸಲಲ್ಲಿಟ್ಟರು, ಹಸುಗೂಸು ಉಳಿಯಲಿಲ್ಲ. ಚಳ್ಳಕೆರೆ ಸೀಮೆಯ ಹಟ್ಟಿಗಳಲ್ಲೂ ಮುಟ್ಟಾದವರು ಹೊರಗಿರುವ ಪದ್ಧತಿ ಪೂರ್ತಿ ಅಳಿದಿಲ್ಲ. ನಾಲ್ವರು ಹುಡುಗಿಯರ ಬಾಡಿಗೆ ಮನೆಯಲ್ಲಿ ಆ ದಿನಗಳ ಲೆಕ್ಕ ಇಡುವವರಿಲ್ಲ. (ಪಾತ್ರೆ ತೊಳೆಯುವ ಸರದಿಯ ಲೆಕ್ಕ ಬೇಕಾದಷ್ಟಿರುತ್ತದೆ.)

ಜಾತಿ ಮೀರಿ ಪ್ರೀತಿಸಿದರೆ ಗತಿಯೇನು ಎಂಬುದೇ ಹೆತ್ತವರ ನಿಜವಾದ ಅಳುಕು. ಇಬ್ಬರು ವಯಸ್ಕರು ಒಪ್ಪಿದ ಮದುವೆಗೆ ಮನೆಯವರ, ಕುಲದವರ ಒಪ್ಪಿಗೆ ಬೇಕಿಲ್ಲವೆಂದು 2018ರ ಮಾರ್ಚ್‌ನಲ್ಲಿ ಶಕ್ತಿ ವಾಹಿನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿಯಾಗಿದೆ. ಆ ಹಕ್ಕನ್ನು ಹೆಚ್ಚು ಕಟ್ಟಿಹಾಕಿರುವುದು ದುಡ್ಡು. ಬೆಂಗಳೂರಿನಲ್ಲಿ ಹತ್ತು ತಿಂಗಳ ಬಾಡಿಗೆಯನ್ನು ಅಡ್ವಾನ್ಸ್ ಕೇಳುವ ರೂಢಿಯಿದೆ. ಮೊದಲ ಸಂಬಳ ಕಾಣದವಳು ಅದನ್ನು ಅಪ್ಪನಿಂದಲೇ ತರಬೇಕು. ಅಪ್ಪ ‘ವಾಪಸ್ ಬಾ’ ಅಂದ ದಿನ ಮನೆಯೂ ಹೋಯಿತು. ಮೇಲೆ, ಯಾರು ಬಂದರು, ಎಷ್ಟು ಹೊತ್ತಿಗೆ ಬಂದಿರಿ ಎಂದು ವಿಚಾರಿಸುವ ಮಾಲೀಕರು ಬೇರೆ. ಕೇಂದ್ರದ 2021ರ ಮಾದರಿ ಬಾಡಿಗೆ ಕಾಯ್ದೆಯಲ್ಲಿ ವಾಸದ ಮನೆಗೆ ಎರಡೇ ತಿಂಗಳ ಅಡ್ವಾನ್ಸ್. 2023ರ ಜೂನ್‌ನಿಂದ ರಾಜ್ಯ ಸರ್ಕಾರದ ‘ಶಕ್ತಿ’ ಯೋಜನೆಯ ಬಸ್ಸು ಈ ಹುಡುಗಿಯರನ್ನು ಮೆಜೆಸ್ಟಿಕ್‌ವರೆಗೆ ಪುಕ್ಕಟೆ ತಂದು ಬಿಡುತ್ತಿದೆ. ಆ ಎರಡು ತಿಂಗಳ ಮಿತಿಯನ್ನು ಇಲ್ಲೂ ಬಿಗಿಯಾಗಿ ಜಾರಿ ಮಾಡಿ, ದುಡಿಯುವ ಮಹಿಳೆಯರ ಹಾಸ್ಟೆಲ್‌ಗಳನ್ನು ಹೆಚ್ಚಿಸಲು ಅದೇ ಸರ್ಕಾರಕ್ಕೆ ಅಡ್ಡಿಯೇನು?